ಕಾಕು ಸುಮ್ಮನಿರಲಿಲ್ಲ

ಬಟ್ಟಲಲ್ಲಿ ಮಣೂಕ ಇತ್ತು, ಟೀವಿಯಲ್ಲಿ ಹಕ್ಕಿ ಸಾಯುತ್ತಿತ್ತು. ಮಗಳು ಹಚ್ಚಿದ್ದ ಕಾರ್ಟೂನ್ ಸಿನಿಮಾ. ಕಾಡಿಗೆ ಬೆಂಕಿ ಬಿದ್ದು, ತಾಯಿ ಹಕ್ಕಿ ಮರಿಯ ಮೇಲೆ ರೆಕ್ಕೆ ಹರವಿ ಕೂತು ಸುಟ್ಟುಹೋಯಿತು. ಮರಿಯ ಗೆಳೆಯ ಜಿಂಕೆ ಅತ್ತಿತು, ಹಿಂದೆ ಪಿಟೀಲು ಅತ್ತಿತು, ಸೋಫಾದಲ್ಲಿ ನನ್ನ ಹೆಂಡತಿಯೂ ಕಣ್ಣೊರೆಸಿಕೊಂಡಳು. ಗ್ಯಾಸ್ ಬಂದ್ ಮಾಡಿದೆನೋ ಇಲ್ಲವೋ ಎಂದು ಹತ್ತಿದ ಬಸ್ಸಿನಿಂದ ಇಳಿದು ಬರುವವನು ನಾನು. ನನಗೆ ಅಳು ಬರಲಿಲ್ಲ, ನಾಳೆ ಆ ಮರಿಗೆ ಉಣಿಸುವವರು ಯಾರು ಎಂಬ ಚಿಂತೆ ಹತ್ತಿತು. ಒಂದು ಹಿಡಿ ಮಣೂಕ ಬಾಯಿಗೆ ಒಯ್ದೆ. ಒಣದ್ರಾಕ್ಷಿಯ ಆ ಹುಳಿಸಿಹಿ ವಾಸನೆ ಮೂಗಿಗೆ ಬಡಿದದ್ದೇ ತಡ, ಚಿಕ್ಕಂದಿನ ಎದುರು ಮನೆಯ ಕಾಕು ಕಣ್ಣ ಮುಂದೆ ಬಂದು ನಿಂತಳು... ಸಿಟ್ಟಿಗೆದ್ದು ನಿಂತಳು.

ಆಗ ನಾವು ತಿಕೋಟಾದಲ್ಲಿದ್ದೆವು; ಓಣಿಯ ಹುಡುಗರಿಗೆಲ್ಲ ಆಕೆ ಕಾಕು, ಅಂದರೆ ಚಿಕ್ಕಮ್ಮ. ಕಾಕು ಊರ ಹೊರಗಿನ ಶೆಡ್ಡಿಗೆ ಮಣೂಕದ ತೊಟ್ಟು ಬಿಡಿಸಲು ಕೂಲಿಗೆ ಹೋಗುತ್ತಿದ್ದಳು; ಅವಳ ಸೀರೆಗೆ ಸದಾ ಅದೇ ವಾಸನೆ. ಸಂಜೆ ಓಣಿಯ ಹುಡುಗರಿಗೆಲ್ಲ ಕತೆ. ಹೇಳುತ್ತಿದ್ದಳು ಅನ್ನುವುದಕ್ಕಿಂತ ಮಾಡುತ್ತಿದ್ದಳು ಅನ್ನಬೇಕು.

ಹೊಲದ ನೆಲದಲ್ಲೇ ಮೊಟ್ಟೆ ಇಡುವ ಟಿಟ್ಟಿಭ ಹಕ್ಕಿಗೆ ಒಂದು ಆಡು ಗೆಳತಿ. ಎತ್ತು ಬಂದರೆ ಆಡು ಮೊಟ್ಟೆಗೆ ಅಡ್ಡ ನಿಲ್ಲುತ್ತದೆ, ತೋಳ ಬಂದರೆ ಹಕ್ಕಿ ಚೀರಿ ಆಡನ್ನು ಎಚ್ಚರಿಸುತ್ತದೆ. ಒಂದು ದಿನ ಆಡು ಇಲ್ಲದ ಹೊತ್ತಿನಲ್ಲಿ ನರಿ ಮರಿಗಳ ಹತ್ತಿರ ಬರುತ್ತದೆ. ತಾಯಿ ಹಕ್ಕಿ ರೆಕ್ಕೆ ಮುರಿದಂತೆ ನಟಿಸಿ ಹೊರಳುತ್ತ ನರಿಯನ್ನು ದೂರ ದೂರ ಸೆಳೆದೊಯ್ಯುತ್ತದೆ. ಇಲ್ಲಿ ಕಾಕು ಒಂದು ಕೈ ಜೋತುಬಿಟ್ಟು, ಸೆರಗು ಮಣ್ಣಲ್ಲಿ ಎಳೆಯುತ್ತ ಓಣಿಯ ತುದಿತನಕ ಕುಂಟುತ್ತಿದ್ದಳು. ಎದುರು ಬಂದವರು ಸೈಕಲ್ಲಿನಿಂದ ಇಳಿದು ದಾರಿ ಬಿಡುತ್ತಿದ್ದರು. ಅಲ್ಲಿಂದ ಭರ್ರೆಂದು ಎದ್ದು, ನರಿಯನ್ನು ಬಾಯಿಗೆ ಬಂದಂತೆ ಬೈಯುತ್ತ ಮರಿಗಳಿಗೆ ಹಾರಿ ಬರುತ್ತಿದ್ದಳು.

ಸಾಲೆಯ ವಾರ್ಷಿಕ ಗ್ಯಾದರಿಂಗಿಗೆ ಮಾಸ್ತರು ಅದನ್ನೇ ನಾಟಕ ಮಾಡಿಸಿದರು. ನಾನು ಆಡು. ಒಂದೂ ಮಾತಿಲ್ಲದ ಪಾತ್ರ, ಆದರೂ ಮರೆತುಬಿಟ್ಟರೆ ಎಂದು ವಾರವಿಡೀ ನಿದ್ದೆಗೆಟ್ಟಿದ್ದೆ. ಮಾಸ್ತರಿಗೆ ಮಾತ್ರ ಜನ ಅಳಬೇಕಿತ್ತು. ಹಾಗಾಗಿ ಕೊನೆಗೆ ನರಿ ತಾಯಿಯನ್ನು ಕೊಂದಿತು. ಹಾರ್ಮೋನಿಯಂ ಶುರುವಾಗುವಷ್ಟರಲ್ಲಿ ಹೆಂಗಸರ ಸಾಲಿನಿಂದ ಕಾಕು ಎದ್ದಳು.

"ಅಕಿ ಸಾಯೂದಿಲ್ರಿ ಸರ."

ಮಾಸ್ತರು ನಕ್ಕು, ತಾಯಿ ಅಂದರೆ ತ್ಯಾಗ ಅಲ್ಲೇನವ್ವಾ ಎಂದರು.

"ತ್ಯಾಗ ನಿಮ್ಮನ್ಯಾಗ ಇಟಗೋರಿ. ಅಕಿ ಸತ್ರ ಮರಿಗೆ ನೀರ ಕುಡಸಾವ್ರು ಯಾರು? ನೀವು ಬರ್ತೀರೇನು?"

ಜನ ಹೋ ಎಂದು ನಕ್ಕರು. ಸತ್ತು ಬಿದ್ದಿದ್ದ ಹಕ್ಕಿ, ಏಳಬೇಕೋ ಬೇಡವೋ ತಿಳಿಯದೆ, ತಲೆ ಎತ್ತಿ ಮಾಸ್ತರ ಮುಖ ನೋಡಿತು.

ಎರಡು ವರ್ಷಕ್ಕೋ ಮೂರು ವರ್ಷಕ್ಕೋ... ಕಾಕುವಿಗೆ ಹೊಟ್ಟೆನೋವು ಹತ್ತಿತು, ಗಡ್ಡೆ ಕೈಗೆ ಸಿಗತೊಡಗಿತು. ಮನೆಯಲ್ಲಿ ಕೆಟ್ಟವರು ಯಾರೂ ಇರಲಿಲ್ಲ. ಮಣೂಕದ ಸೀಜನ್ ಮುಗಿಯಲಿ ಅಂದರು. ಮಗನ ಪರೀಕ್ಷೆ ಆಗಲಿ ಅಂದರು. ಬಬಲೇಶ್ವರದಿಂದ ಹೆರಿಗೆಗೆ ಬಂದ ನಾದಿನಿಯ ಬಾಣಂತನ ಒಂದು ಮುಗಿಯಲಿ ಅಂದರು. ಕಾಕು ಬಾಗಿಲಲ್ಲಿ ನಿಂತು ಇಡೀ ಓಣಿಗೆ ಕೇಳುವಂತೆ ಒದರುತ್ತಿದ್ದಳು: "ನನ್ನ ಬಿಜಾಪುರಕ್ಕ ಕರ್ಕೊಂಡ ಹೋಗ್ರಿ. ನಾ ಇನ್ನೂ ಬಾಳ ದಿನಾ ಬದುಕಾಕಿ ಅದೀನಿ." ಹೆಂಗಸಿಗೆ ಇಷ್ಟು ಗದ್ದಲ ಒಳ್ಳೆಯದಲ್ಲ ಎಂದು ಹಿರಿಯರು ಬುದ್ಧಿ ಹೇಳಿದರು. ಕೊನೆಗೆ ಒಂದು ಮುಂಜಾನೆ ಒಬ್ಬಳೇ ಬಸ್ ಹತ್ತಿದಳು. ಮೊದಲೇ ಬರಬೇಕಿತ್ತು ಎಂದರಂತೆ ದವಾಖಾನೆಯಲ್ಲಿ. ಮುಂದಿನ ದ್ರಾಕ್ಷಿ ಕೊಯ್ಲಿಗೆ ಕಾಕು ಇರಲಿಲ್ಲ.

ಮಣ್ಣು ಮಾಡಿದ ದಿನವೇ ಆಕೆಯ ಬಾಯಿಯನ್ನೂ ಮುಚ್ಚಿದರು. ಮಕ್ಕಳಿಗಾಗಿ ಎಲ್ಲ ನುಂಗಿದಳು, ತುಟಿ ಪಿಟಕ್ಕೆನ್ನಲಿಲ್ಲ ಎಂದು ಮಾಸ್ತರು ಅತ್ತರು. ಓಣಿ ಹೌದೆಂದು ತಲೆಯಾಡಿಸಿತು. ಯಾವ ಓಣಿ? ದಿನಾ ಕೇಳಿ ಕೇಳಿ ಕದ ಹಾಕಿಕೊಂಡ ಅದೇ ಓಣಿ! ಆಕೆ ಕೊಡದ್ದನ್ನು ತಾವೇ ಕಸಿದುಕೊಂಡು, ಆಕೆಯೇ ಕೊಟ್ಟಳು ಅನ್ನುವುದಕ್ಕೆ ತ್ಯಾಗ ಎಂಬ ಹೆಸರು ಎಷ್ಟು ಅನುಕೂಲ.

ಆ ಸಿನಿಮಾ ನೋಡಿದ ವಾರವೇ, ಓಣಿಯ ಹಳೆಯ ಗೆಳೆಯರ ವಾಟ್ಸಾಪ್ ಗುಂಪಿನಲ್ಲಿ ಕಾಕುವಿನ ಮಗ ಆಕೆಯ ಫೋಟೋ ಹಾಕಿದ. ಪುಣ್ಯಸ್ಮರಣೆ. ಫೋಟೋದಲ್ಲಿ ಕಾಕು ಈಗಿನ ನಮ್ಮಿಬ್ಬರಿಗಿಂತ ಚಿಕ್ಕವಳು. ಕೆಳಗೆ, "ಎಲ್ಲವನ್ನೂ ಮೌನವಾಗಿ ಸಹಿಸಿದ ತ್ಯಾಗಮಯಿ." ಅದರ ಕೆಳಗೆ ಮುಗಿದ ಕೈಗಳ ಸಾಲು. ನಾನು ಬರೆದೆ, "ಮೌನವಾಗಿ ಅಲ್ಲಪಾ. ಬದುಕಬೇಕಂತ ದಿನಾ ಒದರತಿದ್ಲು." ಕಳಿಸಿದ ಮರುಗಳಿಗೆಗೆ ಅಳಿಸಲೇ ಅನ್ನಿಸಿ, ಫೋನನ್ನು ಅಡುಗೆಕಟ್ಟೆಯ ಮೇಲಿಟ್ಟು, ಅದೇನು ಕಚ್ಚುತ್ತದೋ ಎಂಬಂತೆ ದೂರ ನಿಂತೆ. ಅದು ಬಡಕೊಂಡಿತು. ಬೈಸಿಕೊಳ್ಳಲು ಸಿದ್ಧನಾಗಿಯೇ ಎತ್ತಿದೆ.

ಕಾಕುವಿನ ಮಗನೇ. ಅವನ ಅಂಗಡಿ ಇರುವ ಸ್ಟೇಷನ್ ರಸ್ತೆಯ ಹಾರ್ನುಗಳು ಹಿಂದೆ ಕೇಳುತ್ತಿದ್ದವು.

"ನಾ ಒಳಗ ಓದ್ಕೋತ ಕುಂತಿರತಿದ್ನೆಲೇ," ಎಂದ. "ಅವ್ವನ ದನಿ ಕೇಳಬಾರದಂತ... ಗಟ್ಟ್ಯಾಗಿ ಓದತಿದ್ನಿ."