ದುಃಖವಾಗಿ ಕೂರದ ಆಚಾರ್ರು

ಮದ್ದೂರಿನ ಸಿದ್ದಾಚಾರ್ರ ಮುಂದೆ 'ಇನ್ನೊಂದ್ಸಲ' ಅಂದವನು ಕೆಟ್ಟ. ಗಾಡಿಚಕ್ರ ಮಾಡುವ ಮನುಷ್ಯ. ಒಂದು ಸಲ ಅಳೆಯುವುದು, ಒಂದು ಸಲ ಕಡಿಯುವುದು, ಬೈದರೂ ಒಂದೇ ಸಲ. ಹೆಂಡತಿ ಕಾಳಮ್ಮ ಕೂಡ 'ಇನ್ನೊಂದ್ಸಲ ಸಾರು ಬಿಡ್ಲಾ' ಎಂದು ಕೇಳಿದವರಲ್ಲ. ಸುಮ್ಮನೆ ತಟ್ಟೆಗೆ ಬಿಟ್ಟುಬಿಡುತ್ತಿದ್ದರು.

ಎರಡನೇ ಮಹಾಯುದ್ಧ ಮುಗಿದ ಮೇಲೆ, ಮರೆಯಾಗುತ್ತಿರುವ ಕಸುಬುಗಳ ಸಾಕ್ಷ್ಯಚಿತ್ರ ತೆಗೆಯುತ್ತೇವೆಂದು ಬೆಂಗಳೂರಿನಿಂದ ಕೆಲವರು ಬಂದರು. ಪಕ್ಕದ ಮನೆಯ ಮೇಷ್ಟ್ರಾದ ನಾನೇ ದೊಡ್ಡದಾಗಿ ಅವರನ್ನು ಆಚಾರ್ರ ಅಂಗಳಕ್ಕೆ ಕರೆದೊಯ್ದೆ. ಅಲ್ಲಿ ಎಂಟು ಚಕ್ರ ಸಾಲಾಗಿ ನಿಂತಿದ್ದವು. ಮಂಡ್ಯದ ಸಕ್ಕರೆ ಕಾರ್ಖಾನೆಗೆ ಕಬ್ಬು ಹೊಡೆಯಲು ಊರೂರಿಗೂ ಗಾಡಿ ಬೇಕಾಗಿತ್ತಲ್ಲ! ನಿರ್ದೇಶಕರ ಮುಖ ಬಾಡಿತು. ಕಸುಬು ಸಾಯುವ ಲಕ್ಷಣವೇ ಕಾಣುತ್ತಿಲ್ಲ. ಏಳು ಚಕ್ರಗಳನ್ನು ಹಿತ್ತಲಿಗೆ ಅಟ್ಟಿಸಿ, "ಸ್ವಲ್ಪ ದುಃಖವಾಗಿ ಕೂತ್ಕೊಳ್ಳಿ" ಎಂದರು.

"ಅನಕೆರೆ ಬೋರೇಗೌಡ ಕಬ್ಬು ಕಡ್ದಾಕಿ ಕಾಯ್ತಾವ್ನೆ. ದುಕ್ಕ ಪಡಕ್ಕೆ ಪುರ್ಸೊತ್ತು ಎಲ್ಲದೆ ಸ್ವಾಮಿ?"

ಆಚಾರ್ರು ಬೆರಣಿ ಬೆಂಕಿಯಲ್ಲಿ ಕೆಂಪಗೆ ಕಾದ ಕಬ್ಬಿಣದ ಹಳಿಯನ್ನು ಇಕ್ಕಳದಲ್ಲಿ ಎತ್ತಿ, ಚಕ್ರಕ್ಕೆ ತೊಡಿಸಿ, ಕೊಡಗಟ್ಟಲೆ ನೀರು ಸುರಿದರು. ಚುಸ್ಸೆಂದಿತು. ಹಳಿ ಮರವನ್ನು ಕಚ್ಚಿ ಹಿಡಿಯಿತು, ಅಂಗಳವೆಲ್ಲ ಹಬೆ. ಹಬೆ ಇಳಿದಾಗ ನಿರ್ದೇಶಕರು ಕನ್ನಡಕ ಒರೆಸಿಕೊಳ್ಳುತ್ತಾ, "ಏನೂ ಕಾಣ್ಲಿಲ್ಲ. ಬಿಚ್ಚಿ ಇನ್ನೊಂದ್ಸಲ ಹಾಕಿ" ಎಂದರು. ಅಯ್ಯೋ ಪುಣ್ಯಾತ್ಮ! ಗಾಡಿ ತಂದು ಬಾಗಿಲಲ್ಲೇ ಕಾಯುತ್ತಿದ್ದ ಬೋರೇಗೌಡ ಓಡಿ ಬಂದು ತನ್ನ ಚಕ್ರವನ್ನು ತಬ್ಬಿಕೊಂಡ.

"ಇನ್ನೊಂದ್ಸಲ ಅನ್ನಕ್ಕೆ ಇದೇನ್ ಕಾಫೀನಾ?" ಆಚಾರ್ರು ಗುಡುಗಿದರು. "ಬಿಚ್ಚಿ ಆಕಿದ್ರೆ ಸಡ್ಲ ಆಯ್ತದೆ. ಗಾಡಿ ದಾರೀಲಿ ಕುಂತ್ರೆ ನೊಗಕ್ಕೆ ನೀವ್ ಎಗಲು ಕೊಟ್ಟೀರಾ?"

"ಚಿತ್ರದಲ್ಲಿ ನಿಮ್ಮ ಹೆಸರು ಶಾಶ್ವತವಾಗಿ ಉಳಿಯುತ್ತೆ."

"ಬುಡಿ ಬುಡಿ. ಹಳಿ ಕಳಚ್ಕಂಡ್ ಬಿದ್ರೆ ಯಾವ್ ಎಸ್ರು ಉಳ್ಕತದೆ?" ಎಂದವರೇ ಚಕ್ರ ಉರುಳಿಸಿಕೊಂಡು ಹೋಗಿ ಗೌಡನ ಗಾಡಿಗೆ ಸಿಕ್ಕಿಸಿಬಿಟ್ಟರು.

ನಿರ್ದೇಶಕರು ಬಿಡುವ ಆಸಾಮಿಯಲ್ಲ. ಸ್ಟೇಷನ್ ಬಳಿಯ ಹೋಟೆಲಿನಲ್ಲಿ ವಡೆ ಕರಿಯುವ ರಂಗಪ್ಪನಿಗೆ ಎದೆಯುದ್ದ ಬಿಳಿ ಗಡ್ಡವಿತ್ತು. ಅವನ ಕೈಗೆ ಉಳಿ ಕೊಟ್ಟು ಮುರುಕು ಚಕ್ರವೊಂದರ ಪಕ್ಕ ಕೂರಿಸಿದರು. ಅಬ್ಬಾ, ಏನು ದುಃಖ! ಹೆತ್ತ ತಾಯಿ ಸತ್ತಾಗಲೂ ರಂಗಪ್ಪ ಅಷ್ಟು ದುಃಖಪಟ್ಟಿರಲಿಲ್ಲ.

ಆ ಚಿತ್ರ ಊರಿನ ಸಿನಿಮಾ ಟೆಂಟಿಗೆ ಬಂದಾಗ ಆಚಾರ್ರೂ ನಾನೂ ಹೋದೆವು. ಪರದೆಯ ಮೇಲೆ ರಂಗಪ್ಪ ನಿಟ್ಟುಸಿರುಬಿಟ್ಟ. ಈ ಕಸುಬಿನ ಕೊನೆಯ ಕುಡಿ ಇವರೇ ಎಂದು ದನಿಯೊಂದು ಹೇಳಿತು.

"ಉಳಿ ಇಡ್ದವ್ನೆ ನೋಡಿ ಮೇಷ್ಟ್ರೇ, ವಡೆ ತಿರುವಾಕಂಗೆ!" ಆಚಾರ್ರು ಟೆಂಟು ಹಾರಿಹೋಗುವಂತೆ ನಕ್ಕರು. ಮನೆ ಹತ್ತಿರವಾದಾಗ ಮಾತ್ರ ಮೆಲ್ಲಗೆ, "ನನ್ ಕೈನಾದ್ರೂ ತೋರುಸ್ಬೋದಾಗಿತ್ತು" ಎಂದರು. ನನಗೆ ನಾಚಿಕೆಯಾಯಿತು.

ಮರುವರ್ಷ ಅವರು ಜ್ವರದಲ್ಲಿ ತೀರಿಕೊಂಡರು. ಹಾರ ಹಾಕಲು ಮನೆಯಲ್ಲಿ ಒಂದು ಪಟವೂ ಇರಲಿಲ್ಲ. ಅಂದು ಹಳಿ ಕಾಯಿಸಲು ಬೆರಣಿ ಹೊತ್ತಿಸುವಾಗ ಕ್ಯಾಮೆರಾದಲ್ಲಿ ಅವರ ಮುಖವನ್ನೂ ತೆಗೆದಿದ್ದರಲ್ಲ ಎಂದು ನೆನಪಾಗಿ, ಆಚಾರ್ರದೊಂದು ಪಟ ಕಳಿಸಿ ಎಂದು ಚಿತ್ರದವರಿಗೆ ಕಾಗದ ಬರೆದೆ. ತಿಥಿಯ ದಿನವೇ ಲಕೋಟೆ ಬಂತು. ಒಳಗೆ ರಂಗಪ್ಪ, ದುಃಖವಾಗಿ ಕೂತಿದ್ದ.

ಕಾಳಮ್ಮ ಅದನ್ನು ಬಹಳ ಹೊತ್ತು ನೋಡಿದರು. ಆಮೇಲೆ ಸೆರಗಿನಿಂದ ಕಣ್ಣೊರೆಸಿಕೊಂಡು, "ಇನ್ನೊಂದ್ಸಲ ಬರ್ದು ನೋಡಿ ಮೇಷ್ಟ್ರೇ" ಎಂದರು.