ಎರಡನೆಯ ಸಾಲಿನ ಮೂರನೆಯವಳು

ಮೂವತ್ತೊಂದು ವರ್ಷ ಯಲಬುರ್ಗಾದ ಹೆಣ್ಣುಮಕ್ಕಳ ಶಾಲೆಯೊಂದರಲ್ಲಿ ಡ್ರಿಲ್ ಕಲಿಸಿದೆ. ಬೆಳಿಗ್ಗೆ ಐದಕ್ಕೆ ಏಳುವುದು, ಶನಿವಾರ ಕ್ಯಾನ್ವಾಸ್ ಬೂಟಿಗೆ ಬಿಳಿ ಬಳಿಯುವುದು, ಒಂಬತ್ತೂವರೆಗೆ ಮೈದಾನದಲ್ಲಿರುವುದು. ಮಕ್ಕಳಿಗೆ ನನ್ನ ನಿಯಮ ಒಂದೇ: ಸೀಟಿ ಊದುವವರೆಗೆ ಯಾರೂ ನಿಲ್ಲಬಾರದು, ಸಾಲು ಮುರಿಯಬಾರದು. ಅದೇ ಶಾಲೆಯಲ್ಲಿ ಓದುತ್ತಿದ್ದ ನನ್ನ ಮಗಳಿಗೂ ವಿನಾಯಿತಿ ಇರಲಿಲ್ಲ. ಶಾಲೆಯಲ್ಲಿ ಅವಳು ನನ್ನನ್ನು ಎಲ್ಲರಂತೆ ‘ಅಕ್ಕೋರ’ ಎನ್ನಬೇಕು. ‘ಅವ್ವ’ ಮನೆಯಲ್ಲಿ ಮಾತ್ರ.

೧೯೯೭ರಲ್ಲಿ ಕೊಪ್ಪಳ ಹೊಸ ಜಿಲ್ಲೆಯಾದಾಗ ನಮ್ಮ ಹುಡುಗಿಯರು ಸಾಮೂಹಿಕ ಕವಾಯತು ಮಾಡಿದರು. ಮಗಳಿಗೆ ಒಂಬತ್ತು ವರ್ಷ. ಎರಡನೆಯ ಸಾಲಿನಲ್ಲಿ ಮೂರನೆಯವಳು. ಮುಗಿಸಿ ಬಂದವಳ ಬರಿಗಾಲಿನಲ್ಲಿ ಜಾಲಿಮುಳ್ಳು ಮುರಿದು ಕೂತಿತ್ತು.

“ಯಾವಾಗ ಚುಚ್ಚಿತು?”

“ಮೊದಲ್ನೇ ಎಣಿಕಿಗೇರಿ, ಅಕ್ಕೋರ.”

ಅವಳನ್ನು ಎಲ್ಲರ ಮುಂದೆ ನಿಲ್ಲಿಸಿದೆ. “ನೋಡ್ರಿ, ಡ್ರಿಲ್ ಅಂದ್ರ ಹಿಂಗಿರಬೇಕು,” ಎಂದೆ. ಹುಡುಗಿಯರು ಚಪ್ಪಾಳೆ ತಟ್ಟಿದರು, ಅವಳೂ ನಕ್ಕಳು. ಮುಳ್ಳು ತೆಗೆದದ್ದು ಆಮೇಲೆ.

ಅವಳ ತಂದೆ ಅವಳಿಗೆ ಎರಡು ವರ್ಷವಿದ್ದಾಗಲೇ ತೀರಿಕೊಂಡಿದ್ದರು. ಹೂಂ ಎನ್ನುವುದೂ ಉಹೂಂ ಎನ್ನುವುದೂ ನನ್ನದೇ ಕೆಲಸವಾಗಿತ್ತು. ಗಂಗಾವತಿಯಲ್ಲಿ ಕಾಲೇಜು ಓದುವಾಗ ಶ್ರೀರಾಮನಗರದ ತೆಲುಗು ಮಾಸ್ತರರೊಬ್ಬರ ಹತ್ತಿರ ಡ್ಯಾನ್ಸ್ ಕಲಿಯುತ್ತೇನೆಂದಳು, ಒಪ್ಪಿದೆ. ಪದವಿ ಮುಗಿದ ಮೇಲೆ ಅದೇ ಮಾಸ್ತರರು ಅವಳನ್ನು ಹೈದರಾಬಾದಿಗೆ ಕರೆದೊಯ್ದು ಟಿ.ವಿ.ಯ ಹಾಡಿನ ಕಾರ್ಯಕ್ರಮವೊಂದಕ್ಕೆ ಸೇರಿಸಿದರು. ಮುಂದೆ ಹಾಡುವವರು, ಹಿಂದೆ ಎರಡು ಸಾಲಿನಲ್ಲಿ ಎಂಟು ಹುಡುಗಿಯರ ಕುಣಿತ. ಅದಕ್ಕೂ ಒಪ್ಪಿದೆ, ಒಂದು ಷರತ್ತಿನ ಮೇಲೆ: ಪ್ರತಿ ಭಾನುವಾರ ಬೆಳಿಗ್ಗೆ ಎಂಟಕ್ಕೆ ಫೋನು ಮಾಡಬೇಕು. ಒಂದು ವಾರವೂ ತಪ್ಪಿಸಲಿಲ್ಲ. ಆರು ಹುಡುಗಿಯರಿಗೆ ಒಂದು ಕೋಣೆ, ಸ್ನಾನಕ್ಕೆ ಪಾಳಿ, ದಿನಕ್ಕೆ ಹನ್ನೆರಡು ತಾಸು ಅಭ್ಯಾಸ. ಇದನ್ನೆಲ್ಲ ದೂರಿನಂತೆ ಹೇಳುತ್ತಿರಲಿಲ್ಲ, ವರದಿಯಂತೆ ಹೇಳುತ್ತಿದ್ದಳು.

ಶನಿವಾರ ಸಂಜೆ ಕಾರ್ಯಕ್ರಮ ಬಂದಾಗ ಪಕ್ಕದ ಮನೆಯ ಅತ್ತೆ-ಸೊಸೆ ನಮ್ಮಲ್ಲಿಗೇ ಬಂದು ಕೂಡುತ್ತಿದ್ದರು.

“ಅಕ್ಕೋರ, ನಿಮ್ಮ ಮಗಳ ಮಾರೀನ ಕಾಣವಲ್ದಲ್ರೀ,” ಎಂದಳು ಸೊಸೆ. “ಬರೇ ಮೊಣಕೈ ಬರಾಕ ಹತ್ತೈತಿ.”

“ಆ ಹಾಡೋ ದಢೂತಿಗೆ ಒಂಚೂರು ಸರಿ ಅನ್ರಿ,” ಎಂದಳು ಅತ್ತೆ. “ನಿಮ್ಮ ಸೀಟಿ ಎಲ್ಲೈತಿ? ಊದ್ರಿ!”

ನಾನೂ ನಕ್ಕೆ. ನನಗೆ ಆ ಮೊಣಕೈ ಸಾಕಾಗಿತ್ತು. ಹಾಡು ನಿಂತೊಡನೆ ಉಳಿದ ಹುಡುಗಿಯರು ಸಡಿಲಾಗುತ್ತಿದ್ದರು. ಇವಳೊಬ್ಬಳೇ ಹಿಮ್ಮಡಿ ಕೂಡಿಸಿ ನೆಟ್ಟಗೆ ನಿಂತಿರುತ್ತಿದ್ದಳು. ಅಲ್ಲಿಯೂ ಎರಡನೆಯ ಸಾಲು, ಅಲ್ಲಿಯೂ ಮೂರನೆಯವಳು. ಹಾಗೆಯೇ ಮೂರು ವರ್ಷ ಕಳೆದವು.

ಆಮೇಲೆ ಒಂದು ಬುಧವಾರ ಬೆಳಿಗ್ಗೆ ಫೋನು ಬಂತು. ಭಾನುವಾರವಲ್ಲದ ದಿನ ಮಾಡಿದ್ದಕ್ಕೆ ನನಗೆ ಸಿಟ್ಟೇ ಬಂದಿತ್ತು.

“ಮುಂದಿನ ಸಾಲಿಗೆ ಹಾಕ್ಯಾರಬೇ. ನಾಡದು ಶೂಟಿಂಗ್.” ಎಂದಳು ಮಗಳು. “ನಿನ್ನೆ ಮೊಣಕಾಲು ಉಳುಕೈತಿ. ಭಾಳ ಬಾತೈತಿ. ಮಾಸ್ತರಿಗೆ ಹೇಳ್ಲೇನು?”

“ಹೇಳಿದ್ರ ಏನಾಗತೈತಿ?”

“ಬ್ಯಾರೆ ಹುಡುಗಿ ಬರ್ತಾಳ. ಆಮ್ಯಾಲೆ ನನ್ನ ಹಿಂದಿನ ಸಾಲಿಗೂ ಕರೀತಾರೋ ಇಲ್ಲೋ.”

“ನಡ್ಯಾಕ ಬರತೈತಿಲ್ಲೋ?”

“ಬರತೈತಿ.”

“ಹಂಗಾರ ಸಾಲು ಮುರೀಬ್ಯಾಡ. ಶೂಟಿಂಗ್ ಮುಗೀಲಿ, ಆಮ್ಯಾಲೆ ಡಾಕ್ಟರಿಗೆ ತೋರಿಸಿದ್ರಾತು.”

“ನಾ ಅಕ್ಕೋರನ್ನ ಕೇಳಾಕ ಹತ್ತಿಲ್ಲಬೇ. ಅವ್ವನ್ನ ಕೇಳಾಕ ಹತ್ತೀನಿ.”

“ಇಬ್ರೂ ಅದನ್ನ ಹೇಳ್ತಾರ,” ಎಂದು ಫೋನು ಇಟ್ಟೆ. ಶಾಲೆಯ ಪ್ರಾರ್ಥನೆಗೆ ಐದು ನಿಮಿಷವಿತ್ತು.

ಮೊದಲ ಹಾಡಿಗೆ ಕುಣಿದಳು. ಎರಡನೆಯ ಹಾಡಿನ ಒಂದು ಜಿಗಿತದಲ್ಲಿ ಬಿದ್ದಳು. ಉಳುಕಿದ ದಿನವೇ ಪಟ್ಟಿ ಕಟ್ಟಿ ಮಲಗಿಸಿದ್ದರೆ ಇಷ್ಟಾಗುತ್ತಿರಲಿಲ್ಲ, ಈಗ ಮೊಣಕಾಲಿನೊಳಗಿನ ಲಿಗಮೆಂಟೇ ಹರಿದಿದೆ ಎಂದರು ವೈದ್ಯರು. ಆಪರೇಷನ್ ಆಯಿತು. ನಡೆಯಬಹುದು, ಕುಣಿಯುವ ಹಾಗಿಲ್ಲ. ಮನೆಗೆ ಕರೆತಂದೆ.

ಆ ಕಂತು ಟಿ.ವಿ.ಯಲ್ಲಿ ಬಂದ ಸಂಜೆ ಅವಳೇ ಎದ್ದು ಟಿ.ವಿ. ಹಚ್ಚಿದಳು. ಮೊದಲ ಹಾಡಿನಲ್ಲಿ ಅವಳ ಮುಖ ಪೂರ್ತಿ ಕಂಡಿತು. “ಬಂತ್ ನೋಡ್ರಿ ಮಾರಿ!” ಎಂದು ಪಕ್ಕದ ಸೊಸೆ ಚೀರಿದಳು. ಎರಡನೆಯ ಹಾಡಿನಲ್ಲಿ ಅದೇ ಜಾಗದಲ್ಲಿ, ಅದೇ ಕೆಂಪು ಲಂಗದಲ್ಲಿ, ಬೇರೊಬ್ಬ ಹುಡುಗಿಯಿದ್ದಳು. ಸಾಲು ಎಲ್ಲಿಯೂ ಮುರಿದಿರಲಿಲ್ಲ. ಮಗಳು ಕೊನೆಯವರೆಗೆ ನೋಡಿ ಆಫ್ ಮಾಡಿದಳು.

ಈಗ ಅವಳು ಕುಷ್ಟಗಿಯ ಖಾಸಗಿ ಶಾಲೆಯೊಂದರಲ್ಲಿ ಚಿಕ್ಕ ಮಕ್ಕಳಿಗೆ ಡ್ಯಾನ್ಸ್ ಹೇಳಿಕೊಡುತ್ತಾಳೆ, ಕುರ್ಚಿಯ ಮೇಲೆ ಕೂತು. ನಿವೃತ್ತಿಯಾದ ಮೇಲೆ ಒಂದು ಮಧ್ಯಾಹ್ನ ಹೋದೆ. ತಪ್ಪು ನನ್ನದು ಎಂಬ ಒಂದು ವಾಕ್ಯವನ್ನು ಬಸ್ಸಿನುದ್ದಕ್ಕೂ ಸಿದ್ಧ ಮಾಡಿಕೊಂಡಿದ್ದೆ. ನಾನು ಬಾಗಿಲಿಗೆ ಬರುವಷ್ಟರಲ್ಲಿ ಅವಳು ಹಾಡು ನಿಲ್ಲಿಸಿ ಒಂದು ಹುಡುಗಿಯನ್ನು ಕರೆದಿದ್ದಳು.

“ಯಾಕ ಕುಂಟಾಕ ಹತ್ತೀಯವ್ವ?”

“ಹಿಮ್ಮಡ ನೋಯಾಕ ಹತ್ತೈತ್ರಿ ಮಿಸ್. ನೀವು ಸಾಕು ಅಂದಿದ್ದಿಲ್ಲಲ್ರೀ.”

“ನಾ ಅನ್ನೂತನಕ ಕಾಯಬ್ಯಾಡ. ನೋವಾತಂದ್ರ ಕೂತ್ಬಿಡು. ಯಾರ ಏನರ ಅನ್ನಲಿ.”

ನನ್ನತ್ತ ನೋಡಲಿಲ್ಲ. ನಾನು ಬಂದದ್ದು ಅವಳಿಗೆ ಗೊತ್ತಿತ್ತು.

ಮಕ್ಕಳು ಹೋದ ಮೇಲೆ ಚಹಾ ತರಿಸಿದಳು. ಆ ವಾಕ್ಯ ಹೇಳಲೆಂದು ಕಪ್ಪು ಕೆಳಗಿಟ್ಟೆ. ಅವಳು ಗಡಿಯಾರ ನೋಡಿದಳು.

“ಐದೂಕಾಲಿನ ಬಸ್ಸೈತಿಬೇ. ತಪ್ಪಿದ್ರ ಮತ್ತ ಏಳಕ್ಕ.”

ಏಳರ ಬಸ್ಸಿಗೆ ಹೋಗಬಹುದಿತ್ತು. ಮನೆಯಲ್ಲಿ ನನಗೇನೂ ಕೆಲಸವಿರಲಿಲ್ಲ. ಆದರೂ ಎದ್ದೆ. ಅವಳು ಪಕ್ಕದ ಕಂಬಿ ಹಿಡಿದು ಒಂದೊಂದೇ ಮೆಟ್ಟಿಲಿಳಿದು ಗೇಟಿನವರೆಗೆ ಬಂದಳು. ಬಸ್ಸು ಸಮಯಕ್ಕೆ ಸರಿಯಾಗಿ ಬಂತು.