ಹಗುರದ ಒದೆತ

ಬಂದೂಕಿನ ಅಂಗಡಿಯ ಹಿಂಭಾಗದಲ್ಲಿ ಕಿಟಕಿಯಿಲ್ಲದ ಒಂದು ಕೋಣೆ. ಅಲ್ಲಿ ಕೂತು ರಿವಾಲ್ವರುಗಳಿಗೆ ಚರ್ಮದ ಒರೆ ಹೊಲಿಯುತ್ತಿದ್ದವಳನ್ನು ಎಲ್ಲರೂ ಒರೆಯಮ್ಮ ಎಂದೇ ಕರೆಯುತ್ತಿದ್ದರು. ಅಂಗಡಿ ಅವಳ ಗಂಡನದು. ಅವನು ಕಣ್ಣು ಮುಚ್ಚಿದ ಮೇಲೆ ಮೈದುನ ಗಲ್ಲಾಪೆಟ್ಟಿಗೆಯ ಮುಂದೆ ಕೂತ, ಅವಳು ಗೋಡೆಯ ಹಿಂದೆ ಕೂತಳು.

ಒರೆ ಹೊಲಿಯುವವರಿಗೆ ನಳಿಗೆಯ ಉದ್ದ ಆಮೇಲಿನ ಮಾತು. ಗುಂಡು ತುಂಬುವ ಉರುಳೆಯನ್ನು ಹಿಡಿದಿರುವ ಉಕ್ಕಿನ ಮೈ, ಅಂದರೆ ಫ್ರೇಮ್, ಎಷ್ಟು ದಪ್ಪ ಎಂಬುದೇ ಮೊದಲು. ಚಿಕ್ಕ ಫ್ರೇಮಿನದು ಜೇಬಿಗೆ ಇಳಿಯುತ್ತದೆ. ನಡುವಣದು ಸೊಂಟಕ್ಕೆ. ದೊಡ್ಡದನ್ನು ಎತ್ತಿದರೆ ಇಟ್ಟಿಗೆ ಎತ್ತಿದ ಹಾಗೆ. ಗಿರಾಕಿಗಳ ತಲೆಗೆ ಹತ್ತದೆ ಇದ್ದದ್ದು ಬೇರೆಯೇ. ಅದೇ ಗುಂಡನ್ನು ಹಾರಿಸಿದರೂ ಭಾರದ ಫ್ರೇಮು ಹಿಂದಕ್ಕೆ ಬರುವ ಒದೆತವನ್ನು ತಾನೇ ನುಂಗುತ್ತದೆ. ಹಗುರದ್ದು ಅಷ್ಟನ್ನೂ ಕೈಗೆ ದಾಟಿಸುತ್ತದೆ.

ಇದನ್ನು ತಿಳಿಸಲು ಮೈದುನ ಒಂದು ಆಟ ಹೂಡಿದ್ದ. "ಅತ್ತಿಗೆ, ಸ್ವಲ್ಪ ಬನ್ನಿ," ಎಂದು ಕೂಗಿ, ಗುಂಡು ಹಾರಿಸಿ ನೋಡುವ ಉದ್ದನೆಯ ಕೋಣೆಯಲ್ಲಿ ಅವಳನ್ನು ನಿಲ್ಲಿಸುತ್ತಿದ್ದ. ಚಿಕ್ಕ ರಿವಾಲ್ವರಿಗೆ ಬಲವಾದ ಗುಂಡು ತುಂಬಿ ಕೈಗಿಡುತ್ತಿದ್ದ. ಸದ್ದಾದೊಡನೆ ಅವಳ ತೋಳು ಮೇಲಕ್ಕೆ ಹಾರುತ್ತಿತ್ತು, ಅವಳು ಎರಡು ಹೆಜ್ಜೆ ಹಿಂದೆ ತತ್ತರಿಸುತ್ತಿದ್ದಳು.

"ನೋಡಿದ್ರಾ? ಚಿಕ್ಕದಿದೆ ಅಂತ ಸಲಿಗೆ ಕೊಡಬಾರದು, ಸ್ವಾಮಿ. ಹೆಂಡತಿಗಾದ್ರೂ ಅಷ್ಟೇ, ರಿವಾಲ್ವರಿಗಾದ್ರೂ ಅಷ್ಟೇ!"

ನಗೆಯೋ ನಗೆ. ವರ್ಷಗಳು ಕಳೆದಂತೆ ಅವಳ ಮಣಿಕಟ್ಟು ಊದಿಕೊಂಡೇ ಉಳಿಯಿತು. ಸೂಜಿಯನ್ನು ಹಲ್ಲಿನಿಂದ ಎಳೆಯುವುದನ್ನು ಕಲಿತಳು.

ಆ ನಗೆಯಲ್ಲಿ ಮೈದುನನ ಮಗಳ ದನಿಯೇ ಎಲ್ಲಕ್ಕಿಂತ ಜೋರು. ಓದು ಮುಗಿಸಿ ಅಪ್ಪನ ಜೊತೆ ಅಂಗಡಿಗೆ ಬರತೊಡಗಿದ್ದಳು. ಅಪ್ಪ ಸರಕು ತರಲು ಹೋಗಿದ್ದ ಒಂದು ಮಧ್ಯಾಹ್ನ, ಅತಿ ಹಗುರದ ರಿವಾಲ್ವರನ್ನು ಹಿಡಿದು ಹಿಂದಿನ ಕೋಣೆಗೆ ಬಂದಳು.

"ದೊಡ್ಡಮ್ಮ, ಇದಕ್ಕೊಂದು ಒರೆ ಬೇಕು, ನನಗೇ. ಅದಕ್ಕೆ ಮೊದಲು ಒಂದು ಗುಂಡು ಹಾರಿಸಿ ನೋಡ್ತೀನಿ. ನಿಜ ಹೇಳಿ, ನೀವು ಹಾಗೆ ಒದ್ದಾಡೋದು ನಾಟಕ ತಾನೇ?"

ಒರೆಯಮ್ಮ ಆ ಬೆಳ್ಳನೆಯ ತೆಳು ಕೈ ನೋಡಿದಳು. ಬಾಯಲ್ಲಿದ್ದ ಸೂಜಿ ತೆಗೆದಳು.

"ನಾಟಕವೇ ಕಣಮ್ಮ. ನಾಲ್ಕು ಜನ ನಗಲಿ ಅಂತ."

"ನನಗೆ ಗೊತ್ತಿತ್ತು ಬಿಡಿ!"

"ಗಟ್ಟಿಯಾಗಿ ಹಿಡ್ಕೋಬೇಡ. ಹೂವಿನ ಹಾಗೆ ಹಿಡಿ."

ಹುಡುಗಿ ಉದ್ದನೆಯ ಕೋಣೆಗೆ ಹೋದಳು. ಸದ್ದು ಕೇಳಿತು, ಹಿಂದೆಯೇ ಕಿರುಚಾಟ. ಒರೆಯಮ್ಮ ದಾರ ಕತ್ತರಿಸಿ, ಗಂಟು ಹಾಕಿ, ಆಮೇಲೆ ಎದ್ದಳು. ಸಡಿಲ ಹಿಡಿತದಿಂದ ಹಾರಿದ ರಿವಾಲ್ವರು ಹುಡುಗಿಯ ಹುಬ್ಬು ಸೀಳಿತ್ತು. ಹೆಬ್ಬೆರಳು ಬುಡದಿಂದ ಹೊರಳಿ ಅಂಗೈಯ ಮೇಲೆ ಜೋತುಬಿದ್ದಿತ್ತು.

ಯಾರು ಹೇಳಿಕೊಟ್ಟರೆಂದು ಅಪ್ಪ ಗದರಿದಾಗ ಹುಡುಗಿ ದೊಡ್ಡಮ್ಮನ ಹೆಸರೆತ್ತಲಿಲ್ಲ. ಹೂವಿನ ಹಾಗೆ ಹಿಡಿದೆ ಎಂದು ಹೇಳಿಕೊಳ್ಳಲು ನಾಚಿಕೆಯೋ, ಇನ್ನೇನೋ. ಬೆರಳು ಮತ್ತೆ ಮಡಚಲಿಲ್ಲ. ಹುಬ್ಬಿನ ಗಾಯ ಅಡ್ಡಾದಿಡ್ಡಿಯಾಗಿ ಮಾಗಿತು.

ಮೈದುನ ಕೊರಗಿದ್ದು ಕೆಲವೇ ವಾರ. ಒಂದು ದಿನ ಗಿರಾಕಿಯೊಬ್ಬ ಹಗುರದ್ದೇ ಬೇಕೆಂದು ಹಟ ಹಿಡಿದ. ಒರೆಯಮ್ಮ ತನಗೆ ಕರೆ ಬರುತ್ತದೆಂದು ಕೈ ಒರೆಸಿಕೊಂಡು ಎದ್ದು ನಿಂತಳು. ಕರೆ ಬರಲಿಲ್ಲ.

"ಮಗಳೇ, ಬಾ ಇಲ್ಲಿ. ಮುಖ ಎತ್ತು. ಕೈ ತೋರಿಸು ಇವರಿಗೆ," ಎಂದ ಮೈದುನ ಹೊರಗೆ. "ನೋಡಿ ಸ್ವಾಮಿ, ನನ್ನ ಮನೇಲೇ ಆಗಿದ್ದು. ಹೆಬ್ಬೆರಳು ಆಡಿಸು ಮಗಳೇ, ನೋಡೋಣ. ಬರಲ್ಲ ಅಲ್ವಾ? ನೋಡಿದ್ರಾ!"

ಗಿರಾಕಿ ಪೆಚ್ಚಾಗಿ ನಕ್ಕ. ನಡುವಣ ಫ್ರೇಮಿನದನ್ನೇ ಕೊಂಡ.

ಆಮೇಲೆ ಹುಡುಗಿ ಹಿಂದಿನ ಕೋಣೆಗೆ ಬಂದು ಬಾಗಿಲಿಗೆ ಒರಗಿ ನಿಂತಳು.

"ನಿಮಗೆ ಗೊತ್ತಿತ್ತು."

"ಗೊತ್ತಿತ್ತು."

ಹೊರಗಿನಿಂದ ಅಪ್ಪ ಮತ್ತೆ ಕೂಗಿದ, ಇನ್ನೊಬ್ಬ ಗಿರಾಕಿ ಬಂದಿದ್ದ. ಅವಳು ಕೂದಲನ್ನು ಹುಬ್ಬಿನ ಮೇಲೆ ಎಳೆದುಕೊಂಡು ಹೊರಟಳು. ಒರೆಯಮ್ಮ ತಡೆಯಬಹುದಿತ್ತು, ಎದ್ದು ತಾನೇ ಹೋಗಬಹುದಿತ್ತು. ಊದಿದ ಮಣಿಕಟ್ಟನ್ನು ಮಡಿಲಲ್ಲಿಟ್ಟುಕೊಂಡು ಕೂತೇ ಇದ್ದಳು. ಎಷ್ಟೋ ವರ್ಷಗಳ ನಂತರ ಅವಳ ಕೈಗೆ ಬಿಡುವು ಸಿಕ್ಕಿತ್ತು.